ಕಂಟ್ರೋಲರ್ ಸರಿಯೇ ಇತ್ತು, ಮೋಡ್ ತಪ್ಪಿತ್ತು

ಕಂಪ್ಯೂಟರಿನಲ್ಲಿ ಆಟ ಆಡುವ ಗೇಮ್ ಕಂಟ್ರೋಲರ್ ಕೆಟ್ಟಿದೆ ಅಂದುಕೊಂಡು, ಹೊಸದನ್ನು ತರಲು ಶಿರಸಿಯಿಂದ ಹುಬ್ಬಳ್ಳಿ ಬಸ್ ಹತ್ತುವವನಿದ್ದೆ. ಸದ್ಯ, ಹತ್ತಲಿಲ್ಲ.

ಕಂಟ್ರೋಲರಿನ ಲೈಟು ಉರಿಯುತ್ತಿತ್ತು, ಆಟದಲ್ಲಿ ಮಾತ್ರ ಒಂದು ಬಟನ್ನೂ ಕೆಲಸ ಮಾಡುತ್ತಿರಲಿಲ್ಲ. ಮೊದಲು ಕೇಬಲ್ ಬದಲಿಸಿದೆ. ಕೆಲವು ಮೊಬೈಲ್ ಕೇಬಲ್‌ಗಳಲ್ಲಿ ಚಾರ್ಜ್ ಅಷ್ಟೇ, ಡೇಟಾ ಹೋಗುವುದಿಲ್ಲ ಅಲ್ವಾ. ಉಪಯೋಗವಾಗಲಿಲ್ಲ.

ಆಮೇಲೆ ವಿಂಡೋಸ್ ಕೀ ಜೊತೆ ಆರ್ ಒತ್ತಿ 'ಜಾಯ್ ಡಾಟ್ ಸಿಪಿಎಲ್' (joy.cpl) ಅಂತ ಟೈಪ್ ಮಾಡಿದೆ. ಕಂಟ್ರೋಲರ್ ಪರೀಕ್ಷಿಸುವ ಕಿಟಕಿ ತೆರೆಯಿತು. ಅಲ್ಲಿನ ಪರೀಕ್ಷೆಯಲ್ಲಿ ಎಲ್ಲ ಬಟನ್ನೂ ಸರಿ! ಅಂದರೆ ಕಂಪ್ಯೂಟರಿಗೆ ಕಾಣುತ್ತಿದೆ, ಆಟಕ್ಕೆ ಕಾಣುತ್ತಿಲ್ಲ. ಕಂಟ್ರೋಲರ್ ಆಟದ ಜೊತೆ ಮಾತಾಡುವ ರೀತಿಯೇ ಮೋಡ್; ನನ್ನದು ಹಳೆಯ ಡೈರೆಕ್ಟ್‌ಇನ್‌ಪುಟ್ ಮೋಡ್‌ನಲ್ಲಿತ್ತು. ಈಗಿನ ಆಟಗಳು ಜಾಸ್ತಿ ಕೇಳುವುದು ಹೊಸ ಮೋಡ್ ಆದ ಎಕ್ಸ್‌ಇನ್‌ಪುಟ್. ನಡುವಿನ ಬಟನ್ ಐದಾರು ಸೆಕೆಂಡ್ ಒತ್ತಿ ಹಿಡಿದೆ, ಲೈಟು ಬದಲಾಯಿತು. (ಕೆಲವು ಮಾದರಿಗಳಲ್ಲಿ ಇದಕ್ಕೇ ಒಂದು ಸ್ವಿಚ್ ಇರುತ್ತದೆ.) ಆಟ ಮುಚ್ಚಿ ಮತ್ತೆ ತೆರೆದೆ. ಗಾಡಿ ಓಡಿತು.