ಐನ್‌ಮನೆಯ (ಕೊಡವ ಕುಟುಂಬದ ಮೂಲಮನೆ) ಮಣ್ಣಿನ ಗೋಡೆಗೆ ಸುಣ್ಣ ಬಳಿಯುವ ಕ್ರಮ

ಮಳೆ ನಿಂತ ಕೂಡಲೇ ಸುಣ್ಣಕ್ಕೆ ಕೈಹಾಕಬೇಡಿ. ಕೊಡಗಿನ ಮಳೆ ಕುಡಿದ ಮಣ್ಣಿನ ಗೋಡೆ ಒಳಗಿನಿಂದ ಆರಲು ತಿಂಗಳುಗಳೇ ಬೇಕು. ಜನವರಿ ನಂತರ ಶುರುಮಾಡಿ.

ಸುಟ್ಟ ಸುಣ್ಣವನ್ನು ಕಬ್ಬಿಣದ ಡ್ರಮ್ಮಿನಲ್ಲೇ ಅರಳಿಸಿ. ನೀರಿಗೆ ಸುಣ್ಣವನ್ನು ಸ್ವಲ್ಪಸ್ವಲ್ಪವೇ ಹಾಕಬೇಕು, ಸುಣ್ಣದ ಮೇಲೆ ನೀರು ಸುರಿಯಬಾರದು. ಕೊತಕೊತ ಕುದಿದು ಸಿಡಿಯುತ್ತದೆ; ಪ್ಲಾಸ್ಟಿಕ್ ಬಕೆಟ್ಟು ಮೆತ್ತಗಾಗಿ ಸೊಟ್ಟಾಗುತ್ತದೆ. ಕನ್ನಡಕ, ಕೈಗವಸು ಕಡ್ಡಾಯ. ಎರಡು ವಾರ ನೀರಿನಡಿ ಇಟ್ಟು, ಬಟ್ಟೆಯಲ್ಲಿ ಸೋಸಿ, ಹಾಲಿನಷ್ಟು ತೆಳುಮಾಡಿ.

ಹಳೆಯ ಹಕ್ಕಳೆ ಉಜ್ಜಿ ತೆಗೆದು, ಗೋಡೆಗೆ ನೀರು ಚಿಮುಕಿಸಿ, ದಿನಕ್ಕೊಂದರಂತೆ 4 ಕೋಟ್ ಬಳಿಯಿರಿ. ಮೊದಲ ಕೋಟ್ ಹಸಿಯಿದ್ದಾಗ ನೀರಿನಂತೆ ಕಾಣುತ್ತದೆ, ಆರಿದಂತೆ ಬೆಳ್ಳಗಾಗುತ್ತದೆ. ಅವಸರಕ್ಕೆ ದಪ್ಪ ಬಳಿದರೆ ಹಪ್ಪಳದಂತೆ ಏಳುತ್ತದೆ. ಉರಿಬಿಸಿಲಲ್ಲಿ ಬಳಿದರೆ ಕೈಗೆ ಪುಡಿ ಅಂಟುತ್ತದೆ: ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡ್ ಹೀರಿ ಕಲ್ಲಾಗಲು ತೇವ ಬೇಕು.

ಬಿರುಕಿಗೆ ಸಿಮೆಂಟ್ ಮೆತ್ತುವುದೇ ದೊಡ್ಡ ತಪ್ಪು. ತೇವ ಹೊರಬರಲಾಗದೆ ಒಳಗಿನ ಮಣ್ಣು ಕುಸಿಯುತ್ತದೆ. ಸ್ಪೇನಿನ ಆಂಡಲೂಸಿಯಾದ ಬಿಳಿ ಊರುಗಳಲ್ಲೂ ಹಳೆಯ ಗೋಡೆಗಳಿಗೆ ಸುಣ್ಣವೇ.

ಕೈಯಾಲೆಯ (ಮುಂದಿನ ಜಗಲಿ) ಕೆತ್ತನೆಯ ಕಂಬ, ಐಮರಗಳಿಗೆ (ಕಂಬಗಳ ನಡುವೆ ಕೂರುವ ಮರದ ಹಲಗೆ) ಮೊದಲೇ ಗೋಣಿ ಹೊದಿಸಿ. ಮರದ ಮೇಲೆ ಒಣಗಿದ ಸುಣ್ಣದ ಕಲೆ ಸುಲಭಕ್ಕೆ ಹೋಗದು.