ಸಂತ್ರಸ್ತರ ಕತೆ ಅಭಿಯಾನಕ್ಕೆ ಬಳಸುವಾಗ

ಕೌಟುಂಬಿಕ ಹಿಂಸೆ, ಮಾನವ ಕಳ್ಳಸಾಗಣೆ, ಲೈಂಗಿಕ ದೌರ್ಜನ್ಯದಂಥ ಕಷ್ಟದಿಂದ ಪಾರಾಗಿ ಬಂದವರ ಮಾತು ಜನರನ್ನು ಬೇಗ ತಟ್ಟುತ್ತದೆ. ಅಭಿಯಾನ ಮುಗಿದರೂ ವಿಡಿಯೊ ಉಳಿದಿರುತ್ತದೆ, ಅದರ ಪರಿಣಾಮ ಉಣ್ಣುವವರು ಕತೆ ಹೇಳಿದವರೇ. ಹಾಗಾಗಿ ಈ ಕತೆ ಬೇಕೇಬೇಕೆ ಎಂದು ಮೊದಲು ಯೋಚಿಸಿ. ಸಹಾಯವಾಣಿ ಸಂಖ್ಯೆ ತಿಳಿಸುವುದಷ್ಟೇ ಉದ್ದೇಶವಾದರೆ ಯಾರ ನೋವನ್ನೂ ಕೆದಕಬೇಕಾಗಿಲ್ಲ.

ಯಾರನ್ನು ಕೇಳಬಾರದು?

ಅಪಾಯದಿಂದ ಇನ್ನೂ ಹೊರಬಾರದವರನ್ನು ಕೇಳಬೇಡಿ. ಪ್ರಕರಣ ನ್ಯಾಯಾಲಯದಲ್ಲಿದ್ದರೆ ಅವರ ವಕೀಲರೊಂದಿಗೆ ಮಾತಾಡದೆ ಮುಂದುವರಿಯಬೇಡಿ. ವಿಡಿಯೊಗೂ ಸಾಕ್ಷ್ಯಕ್ಕೂ ಸಣ್ಣ ವ್ಯತ್ಯಾಸವಿದ್ದರೂ ಎದುರು ಪಕ್ಷ ಅದನ್ನು ಬಳಸಿಕೊಳ್ಳಬಹುದು. ನಿಮ್ಮದೇ ಆಶ್ರಯದಲ್ಲಿರುವವರಿಗೆ ‘ಬೇಡ’ ಎನ್ನುವುದು ಕಷ್ಟ. ಒಪ್ಪದಿದ್ದರೂ ನೆರವು ನಿಲ್ಲುವುದಿಲ್ಲ ಎಂದು ಅವರಿಗೆ ಬಾಯಿಬಿಟ್ಟು ಹೇಳಿ.

ಒಪ್ಪಿಗೆ

ಎಲ್ಲಕ್ಕೂ ಸೇರಿಸಿ ಒಂದೇ ಸಹಿ ಪಡೆಯುವುದು ದೊಡ್ಡ ತಪ್ಪು. ಹೆಸರು, ಮುಖ, ದನಿ, ಊರು ಇವಕ್ಕೆ ಬೇರೆಬೇರೆ ಸಾಲಿರಲಿ. ಪೋಸ್ಟರ್‌, ಪತ್ರಿಕೆ, ಸಾಮಾಜಿಕ ಜಾಲತಾಣ, ದೇಣಿಗೆ ಮನವಿ ಇವಕ್ಕೂ ಹಾಗೆಯೇ. ಅವಧಿ ಬರೆಯಿರಿ; ಒಂದು ವರ್ಷ ಸಾಕು, ಆಮೇಲೆ ಮತ್ತೆ ಕೇಳಿ. ಪತ್ರವನ್ನು ಅವರ ಭಾಷೆಯಲ್ಲೇ ಓದಿ ಹೇಳಿ, ಏನಕ್ಕೆ ಒಪ್ಪಿದಿರಿ ಎಂದು ಅವರ ಮಾತಿನಲ್ಲೇ ಹೇಳಿಸಿ. ಎಷ್ಟು ಅರ್ಥವಾಗಿದೆ ಎಂಬುದು ಆಗ ತಿಳಿಯುತ್ತದೆ. ಕೇಳಿದ ದಿನವೇ ಚಿತ್ರೀಕರಣ ಬೇಡ, ಯೋಚಿಸಲು ಕೆಲವು ದಿನ ಬಿಡಿ. ನಮ್ಮ ಪುಟದಿಂದ ತೆಗೆಯಬಲ್ಲೆವು, ಬೇರೆಯವರು ಇಳಿಸಿಕೊಂಡ ಪ್ರತಿಗಳನ್ನು ತೆಗೆಸಲಾರೆವು ಎಂಬ ಸತ್ಯವನ್ನೂ ಮುಚ್ಚಿಡಬೇಡಿ. ಮಕ್ಕಳಾದರೆ ಪೋಷಕರ ಒಪ್ಪಿಗೆಯ ಜೊತೆ ಮಗುವಿನ ಒಪ್ಪಿಗೆಯೂ ಬೇಕು, ಆದರೂ ಗುರುತು ತೋರಿಸದಿರುವುದೇ ಸರಿ.

ಪ್ರಯಾಣದ ಖರ್ಚು, ಕಳೆದುಕೊಂಡ ದಿನಗೂಲಿ, ಸಮಯ ಇವಕ್ಕೆ ಹಣ ಕೊಡುವುದು ನ್ಯಾಯವೇ. ಮೊತ್ತ ಮೊದಲೇ ನಿಗದಿಯಾಗಿರಲಿ. ಕತೆ ಹೆಚ್ಚು ಘೋರವಾದಷ್ಟೂ ಹಣ ಹೆಚ್ಚು ಎಂದಾಗಬಾರದು.

ಸಂದರ್ಶನ

ಒಂದು ಗಂಟೆ ಮೀರದಿರಲಿ. ಜಾಗವನ್ನು ಅವರೇ ಆರಿಸಲಿ, ನಂಬಿಕೆಯವರೊಬ್ಬರು ಜೊತೆಗಿರಲಿ. ಯಾವ ವಿಷಯ ಮುಟ್ಟಬಾರದೆಂದು ಮೊದಲೇ ಕೇಳಿಕೊಳ್ಳಿ. ‘ಆಗಲೇ ಯಾಕೆ ಹೇಳಲಿಲ್ಲ?’ ಎಂಬ ಪ್ರಶ್ನೆ ತಪ್ಪನ್ನು ಅವರ ತಲೆಗೇ ಕಟ್ಟುತ್ತದೆ. ‘ಆಗ ಯಾವ ಸಹಾಯ ಸಿಕ್ಕಿದ್ದರೆ ಅನುಕೂಲವಾಗುತ್ತಿತ್ತು?’ ಎಂದು ಕೇಳಿ. ಅಭಿಯಾನಕ್ಕೆ ಬೇಕಾದ ಉತ್ತರವೂ ಅದೇ. ಅತ್ತರೆ ಕ್ಯಾಮೆರಾ ನಿಲ್ಲಿಸಿ.

ಗುರುತು ಮರೆಸುವುದು

ಹೆಚ್ಚಿನವರು ಎಡವುವುದು ಇಲ್ಲೇ. ಹೆಸರು ಬದಲಿಸಿ, ವಯಸ್ಸು, ಕೆಲಸ, ಮಕ್ಕಳ ಸಂಖ್ಯೆ, ಘಟನೆಯ ವರ್ಷ ಎಲ್ಲವನ್ನೂ ಹಾಗೇ ಬಿಟ್ಟರೆ ನೆರೆಯವರಿಗೆ ಅಷ್ಟೇ ಸಾಕು. ಮುಖ ಮಸುಕಾಗಿಸಿದ ವಿಡಿಯೊದಲ್ಲಿ ತಲೆ ಅಲುಗಾಡಿದಾಗ ಒಂದೆರಡು ಫ್ರೇಮ್‌ ಜಾರಿ ಮುಖ ಕಾಣಿಸಿಬಿಡಬಹುದು. ದನಿಯ ಸ್ಥಾಯಿಯನ್ನಷ್ಟೇ ಬದಲಿಸಿದ್ದರೆ ಸಾಫ್ಟ್‌ವೇರ್‌ನಲ್ಲಿ ಹಿಂದಕ್ಕೆ ತಿರುಗಿಸಬಹುದು. ಮುಖವನ್ನು ಚಿತ್ರೀಕರಿಸದಿರುವುದು, ಮಾತನ್ನು ಬೇರೆಯವರಿಂದ ಓದಿಸುವುದು ಹೆಚ್ಚು ಸುರಕ್ಷಿತ. ಹಚ್ಚೆ, ಒಡವೆ, ಸಮವಸ್ತ್ರ, ಕಿಟಕಿಯಾಚೆಯ ಫಲಕ ಇವನ್ನೂ ನೋಡಿ. ಮೊಬೈಲ್‌ ಫೋಟೊದೊಳಗೆ ತೆಗೆದ ಸ್ಥಳದ ಜಿಪಿಎಸ್‌ ಮಾಹಿತಿ ಅಡಗಿರಬಹುದು, ಅದನ್ನು ಅಳಿಸಿಯೇ ಹಂಚಿ. ಲೈಂಗಿಕ ದೌರ್ಜನ್ಯಕ್ಕೆ ಒಳಗಾದವರ ಗುರುತು ಬಯಲು ಮಾಡುವುದು ಹಲವು ದೇಶಗಳಲ್ಲಿ ಅಪರಾಧವೂ ಹೌದು.

ಪ್ರಕಟಣೆ

ಅಂತಿಮ ರೂಪವನ್ನು ಶೀರ್ಷಿಕೆ, ಮುಖಚಿತ್ರ ಸಮೇತ ಅವರಿಗೆ ತೋರಿಸಿ. ಒಳಗೆ ಘನತೆಯಿಂದ ಹೇಳಿದ್ದನ್ನು ಶೀರ್ಷಿಕೆ ಕೊಡುವವರು ಕೆಡಿಸುವುದುಂಟು. ಆತ್ಮಹತ್ಯೆಗೆ ಯತ್ನಿಸಿ ಬದುಕಿದವರ ಕತೆಯಲ್ಲಿ ವಿಧಾನ ವಿವರಿಸಬಾರದೆಂದು ವಿಶ್ವ ಆರೋಗ್ಯ ಸಂಸ್ಥೆಯ ಮಾರ್ಗಸೂಚಿ ಹೇಳುತ್ತದೆ, ಅನುಕರಣೆಯ ಅಪಾಯವಿದೆ. ಚೇತರಿಸಿಕೊಂಡ ದಾರಿ ಹೇಳಿ, ಸಹಾಯವಾಣಿ ಸಂಖ್ಯೆ ಜೊತೆಗಿರಲಿ.

ಪ್ರಕಟವಾಗುವ ದಿನಾಂಕ ಮೊದಲೇ ತಿಳಿಸಿ. ಮರುದಿನ ಒಮ್ಮೆ, ವಾರದ ನಂತರ ಒಮ್ಮೆ ಕರೆ ಮಾಡಿ ವಿಚಾರಿಸಿ. ಕೆಟ್ಟ ಕಾಮೆಂಟ್‌ಗಳನ್ನು ಅಳಿಸಲು ಒಬ್ಬರನ್ನು ನೇಮಿಸಿ. ಯಾವ ಸಂಸ್ಥೆಗೆ, ಯಾವ ಪತ್ರಿಕೆಗೆ ಫೈಲ್‌ ಕೊಟ್ಟಿದ್ದೀರಿ ಎಂದು ಬರೆದಿಟ್ಟುಕೊಳ್ಳಿ. ‘ತೆಗೆದುಬಿಡಿ’ ಎಂದು ಅವರು ಹೇಳಿದರೆ ಕಾರಣ ಕೇಳದೆ ಅಂದೇ ತೆಗೆದು, ಆ ಪಟ್ಟಿಯಲ್ಲಿರುವ ಎಲ್ಲರಿಗೂ ತೆಗೆಯುವಂತೆ ಬರೆಯಿರಿ.