ಹುಣಸೆ ಬೀಜ ಹರಡಿದರೆ ಜಾಸ್ತಿ ಆಗುತ್ತಾ?

ನಾನು ನಲಿ-ಕಲಿ ಶಿಕ್ಷಕಿ. ಹೆಗ್ಗಡದೇವನಕೋಟೆಯಲ್ಲಿ 1995ರಲ್ಲಿ ಶುರುವಾದ ಈ ಪದ್ಧತಿಯಲ್ಲಿ ಒಂದು, ಎರಡು, ಮೂರನೇ ತರಗತಿಯವರು ಒಂದೇ ಕೋಣೆಯಲ್ಲಿ ಕೂರುತ್ತಾರೆ. ಮಕ್ಕಳ ಯೋಚನೆ ವಯಸ್ಸಿನ ಜೊತೆ ಹೇಗೆ ಬದಲಾಗುತ್ತದೆ ಎಂದು ನೋಡಲು ಬೇರೆಲ್ಲೂ ಹೋಗಬೇಕಿಲ್ಲ.

ಡಿ.ಇಡಿ. ಓದುವಾಗ ಸ್ವಿಟ್ಜರ್ಲೆಂಡಿನ ಮನೋವಿಜ್ಞಾನಿ ಪಿಯಾಜೆ ಹೇಳಿದ, ಮಕ್ಕಳ ಯೋಚನೆ ಬೆಳೆಯುವ ಹಂತಗಳನ್ನು ಬಾಯಿಪಾಠ ಮಾಡಿದ್ದೆವು. 2ರಿಂದ 7 ವರ್ಷ ಒಂದು, 7ರಿಂದ 11 ಇನ್ನೊಂದು. ಪರೀಕ್ಷೆಗೆ ಅಷ್ಟು ಸಾಕಿತ್ತು. ಅವರ ಪ್ರಯೋಗವನ್ನು ಮಾಡಿ ನೋಡಿದ್ದು ಕೆಲಸಕ್ಕೆ ಸೇರಿದ ಮೇಲೆ.

ಹುಣಸೆ ಬೀಜ ಇದ್ದರೆ ಆಯಿತು. ಆರಾರು ಬೀಜಗಳ ಎರಡು ಸಾಲು ಎದುರುಬದುರು ಜೋಡಿಸುತ್ತೇನೆ. "ಎರಡೂ ಸಮ ಇದೆಯಾ?" "ಹೂಂ ಮಿಸ್." ಆಮೇಲೆ ಅವರ ಕಣ್ಣೆದುರೇ ಒಂದು ಸಾಲನ್ನು ಅಗಲವಾಗಿ ಹರಡುತ್ತೇನೆ. "ಈಗ?" ಒಂದನೇ ತರಗತಿಯ ಎಷ್ಟೋ ಮಕ್ಕಳು ಉದ್ದ ಸಾಲನ್ನೇ ತೋರಿಸುತ್ತಾರೆ. ಎಣಿಸು ಅಂದರೆ ಸರಿಯಾಗಿ ಎಣಿಸುತ್ತಾರೆ, ಎರಡರಲ್ಲೂ ಆರು ಅಂತಲೂ ಹೇಳುತ್ತಾರೆ. ಆದರೂ, "ಇದೇ ಜಾಸ್ತಿ ಮಿಸ್, ನೋಡಿ ಎಷ್ಟುದ್ದ ಇದೆ!" ಪಕ್ಕದಲ್ಲಿ ಕೂತ ಮೂರನೇ ತರಗತಿಯವರಿಗೆ ನಗು. "ಮಿಸ್ ಏನೂ ಸೇರಿಸಲೇ ಇಲ್ವಲ್ಲೋ!"

ಇಷ್ಟಕ್ಕೇ ಚಿಕ್ಕವರಿಗೆ ಬುದ್ಧಿ ಬಲಿತಿಲ್ಲ ಎಂದುಬಿಡುವುದು ಸುಲಭ. 1970ರ ದಶಕದಲ್ಲಿ ಸ್ಕಾಟ್ಲೆಂಡಿನ ಮನೋವಿಜ್ಞಾನಿಗಳಾದ ಮಾರ್ಗರೆಟ್ ಡೊನಾಲ್ಡ್‌ಸನ್ ಮತ್ತು ಜೇಮ್ಸ್ ಮೆಕ್‌ಗ್ಯಾರಿಗಲ್ ಈ ಪ್ರಯೋಗವನ್ನೇ ಸ್ವಲ್ಪ ಬದಲಿಸಿದರು. ಸಾಲು ಕೆಡಿಸಿದ್ದು ದೊಡ್ಡವರಲ್ಲ, ತುಂಟ ಕರಡಿ ಗೊಂಬೆ. ಆಗ ಸರಿ ಉತ್ತರ ಹೇಳಿದ ಮಕ್ಕಳೇ ಜಾಸ್ತಿ. ನಾನೂ ಒಂದು ಬಟ್ಟೆ ಗೊಂಬೆ ಇಟ್ಟುಕೊಂಡೆ. "ಅಯ್ಯೋ, ಇದು ಕೆಡಿಸಿಬಿಡ್ತು, ಈಗ ಹೇಳ್ರಪ್ಪ" ಅಂದರೆ "ಅಷ್ಟೇ ಇದೆ" ಅನ್ನುವವರು ನಮ್ಮಲ್ಲೂ ಹೆಚ್ಚಿದರು.

ನನಗಂತೂ ಇದರಲ್ಲಿ ಆಶ್ಚರ್ಯ ಕಾಣುವುದಿಲ್ಲ. ಟೀಚರ್ ಬೇಕಂತಲೇ ಬೀಜ ಸರಿಸಿ ಅದೇ ಪ್ರಶ್ನೆ ಮತ್ತೆ ಕೇಳಿದರೆ, ಮಗು ಏನಂದುಕೊಳ್ಳಬೇಕು? ನಮ್ಮ ಶಾಲೆಗಳಲ್ಲಿ "ಇನ್ನೊಂದು ಸಲ ಹೇಳು" ಅಂದರೆ ಮೊದಲು ಹೇಳಿದ್ದು ತಪ್ಪು ಅಂತಲೇ ಅರ್ಥ, ಅಲ್ವಾ? ಅದಕ್ಕೇ ಈಗ ಸರಿ ಹೇಳಿದವರಿಗೂ ತಪ್ಪು ಹೇಳಿದವರಿಗೂ ಒಂದೇ ದನಿಯಲ್ಲಿ "ಹೇಗೆ ಗೊತ್ತಾಯ್ತು?" ಅಂತ ಕೇಳುತ್ತೇನೆ. ಶುರುವಿನಲ್ಲಿ ಸುಮ್ನೆ ನಿಲ್ಲುತ್ತಾರೆ. ರೂಢಿಯಾದ ಮೇಲೆ ಮಾತು ನಿಲ್ಲಿಸುವುದೇ ಕಷ್ಟ.

ಹಾಗಂತ ವಯಸ್ಸಿನ ಲೆಕ್ಕವೇ ಸುಳ್ಳು ಅಂತಲ್ಲ. ಬೀಜ ನೋಡಿ ನಕ್ಕ ಮೂರನೇ ತರಗತಿಯವರ ಮುಂದೆಯೇ ಜೇಡಿಮಣ್ಣಿನ ಉಂಡೆಯನ್ನು ರೊಟ್ಟಿಯಂತೆ ತಟ್ಟಿ ತೂಕ ಕೇಳಿ ನೋಡಿ. "ತೆಳ್ಳಗಾಯ್ತು, ಹಗುರ" ಅನ್ನುವವರು ಅವರಲ್ಲೂ ಸಿಗುತ್ತಾರೆ. ಸಂಖ್ಯೆ ಮೊದಲು ಗಟ್ಟಿಯಾಗುತ್ತದೆ, ತೂಕ ಆಮೇಲೆ. ತೂಕದ ಪಾಠಕ್ಕೆ ಮುಂಚೆಯೇ ಮಣ್ಣು, ತಕ್ಕಡಿ ಎರಡನ್ನೂ ಅವರ ಕೈಗೆ ಕೊಟ್ಟುಬಿಡುತ್ತೇನೆ.